ಬ್ಲಾಜೆನಾಳ ಬಹುವಚನ

ಬ್ಲಾಜೆನಾ ಸ್ಕೊಪಲೋವಾ ತೀರಿಕೊಂಡಳು ಎಂದು ಆಸ್ಪತ್ರೆಯಿಂದ ಫೋನು ಬಂದಾಗ ಹೆರ್ಮಿನಾ ಅಡುಗೆಮನೆಯಲ್ಲಿ ಆಲೂಗಡ್ಡೆ ಸಿಪ್ಪೆ ತೆಗೆಯುತ್ತಿದ್ದಳು. ಫೋನಿಟ್ಟು ಬಂದು ಉಳಿದವುಗಳ ಸಿಪ್ಪೆಯನ್ನೂ ತೆಗೆದು ಮುಗಿಸಿದಳು. ಅಳು ಬರಲಿಲ್ಲ. ಬಂದದ್ದು ಒಂದು ಯೋಚನೆ, ನಾಚಿಕೆಯಾಗುವಷ್ಟು ಸಣ್ಣದು: ಹದಿನೈದು ವರ್ಷ ಜೊತೆಗಿದ್ದವಳು ಕೊನೆಗೂ ತನ್ನನ್ನು ‘ನೀನು’ ಎನ್ನದೆಯೇ ಹೋದಳಲ್ಲ.

ಹಿಂದಿನ ದಿನ ಮಧ್ಯಾಹ್ನ ಸಾರು ಮಾಡಿಕೊಂಡು ಹೋಗಿದ್ದಳು. ಬ್ಲಾಜೆನಾ ಎರಡು ಚಮಚ ಕುಡಿದು ಉಪ್ಪು ಕಮ್ಮಿ ಎಂದಳು. ಆಮೇಲೆ ಹೆರ್ಮಿನಾಳ ಕೈ ಹಿಡಿದುಕೊಂಡಳು. ಹಿಂದೆಂದೂ ಅವಳು ಹಾಗೆ ಕೈ ಹಿಡಿದವಳಲ್ಲ. ಇವತ್ತು ಹೇಳುತ್ತಾಳೆ, ಇವತ್ತು ಖಂಡಿತ ಹೇಳುತ್ತಾಳೆ ಎಂದು ಹೆರ್ಮಿನಾ ಕಾದಳು.

“ಸಾಕು ಹೆರ್ಮಿನ್ಕಾ. ನೀವಿನ್ನು ಮನೆಗೆ ಹೋಗಿ” ಎಂದಳು ಬ್ಲಾಜೆನಾ.

ನೀವು. ಹೋಗಿ. ಹೆರ್ಮಿನಾ ಸಾರಿನ ಡಬ್ಬಿಯನ್ನು ಚೀಲಕ್ಕೆ ಹಾಕಿಕೊಂಡು ಟ್ರಾಮು ಹತ್ತಿ ಬಂದಿದ್ದಳು.

ಪ್ರಾಗ್‌ನಲ್ಲಿ ‘ನೀವು’ ಬಿಟ್ಟು ‘ನೀನು’ಗೆ ಬರುವುದೆಂದರೆ ಅದಕ್ಕೊಂದು ಕ್ರಮವಿದೆ. ಕಿರಿಯರು ತಾವಾಗಿ ಶುರುಮಾಡುವಂತಿಲ್ಲ. ವಯಸ್ಸಿನಲ್ಲಿ ಹಿರಿಯರಾದವರು ಒಂದು ದಿನ ಗ್ಲಾಸು ಎತ್ತಿ, ಇನ್ನು ನಮ್ಮ ನಡುವೆ ನೀವು–ತಾವು ಬೇಡ ಎಂದು ತಮ್ಮ ಹೆಸರು ಹೇಳಬೇಕು. ಕಿರಿಯರೂ ತಮ್ಮ ಹೆಸರು ಹೇಳಿ ಗ್ಲಾಸು ತಾಗಿಸಬೇಕು. ಅಲ್ಲಿಂದ ಮುಂದೆ ಸ್ನೇಹ. ಬ್ಲಾಜೆನಾ ಹೆರ್ಮಿನಾಗಿಂತ ಮೂರು ವರ್ಷ ದೊಡ್ಡವಳು. ಕೊಡಬೇಕಾದವಳು ಅವಳೇ. ಹಾಗೆಂದು ಅವಳೇನು ಬಿಗುಮಾನದ ಹೆಂಗಸಲ್ಲ. ತರಕಾರಿಯವನಿಗೆ, ನಲ್ಲಿ ರಿಪೇರಿಯವನಿಗೆ, ಬಿಯರ್ ಅಂಗಡಿಯ ಪರಿಚಾರಕನಿಗೆ ಮೊದಲ ಭೇಟಿಯಲ್ಲೇ ‘ನೀನು’ ಕೊಟ್ಟು, ಅವನ ಹೆಂಡತಿಯ ಸೊಂಟನೋವಿನವರೆಗೆ ವಿಚಾರಿಸಿಕೊಳ್ಳುತ್ತಿದ್ದಳು. ಕೊಡದೆ ಉಳಿಸಿಕೊಂಡದ್ದು ಒಬ್ಬಳಿಗೆ ಮಾತ್ರ. ಅದಕ್ಕೆ ಕಾರಣ ತನಗೆ ಗೊತ್ತು ಎಂದು ಹೆರ್ಮಿನಾ ಅಂದುಕೊಂಡಿದ್ದಳು. ಬ್ಲಾಜೆನಾಳ ದನಿಯನ್ನು ತೆಗೆದುಕೊಂಡವಳು ಅವಳು.

ಬ್ಲಾಜೆನಾ ಹುಟ್ಟಿದ್ದು ಮೊರಾವಿಯಾದ ಪೂರ್ವದ ಅಂಚಿನ ವಲಾಶ್ಸ್ಕೊ ಬೆಟ್ಟಗಳಲ್ಲಿ, ಬೆಚ್ವಾ ಹೊಳೆಯ ದಂಡೆಯ ಒಂದು ಹಳ್ಳಿಯಲ್ಲಿ. ಅಪ್ಪ ಕಾಡಿನಿಂದ ತೊಲೆ ಇಳಿಸುವ ಕೆಲಸದವನು. ಅವಳು ಚಿಕ್ಕವಳಿದ್ದಾಗಲೇ ಅವನು ಸತ್ತ. ಅದರ ಬಗ್ಗೆ ಪ್ರಾಗ್‌ನಲ್ಲಿ ಅವಳು ಯಾರ ಹತ್ತಿರವೂ ಹೆಚ್ಚು ಹೇಳಿದವಳಲ್ಲ. ಹೇಳುತ್ತಿದ್ದದ್ದು ನಾಟಕಶಾಲೆಯ ಕಥೆಗಳನ್ನು. ಹದಿನೆಂಟಕ್ಕೆ ಪ್ರಾಗ್‌ಗೆ ಬಂದು ಸೇರಿದಾಗ ಉಚ್ಚಾರಣೆಯ ಮೇಷ್ಟ್ರು ಅವಳ ಬಾಯಲ್ಲಿ ಬೆಣಚುಕಲ್ಲು ಹಾಕಿಸಿ ಓದಿಸಿದರಂತೆ, ನಿನ್ನ ಬೆಟ್ಟದ ಎಳೆತ ಹೋಗುವ ತನಕ ಉಗುಳಬೇಡ ಎಂದರಂತೆ. “ಒಂದು ಕಲ್ಲು ನುಂಗ್ಬಿಟ್ಟೆ. ಇನ್ನೂ ಒಳಗೇ ಇದೆ” ಎಂದು ಹೊಟ್ಟೆ ಮುಟ್ಟಿ ತೋರಿಸುತ್ತಿದ್ದಳು.

ಸಿನಿಮಾದಲ್ಲಿ ಅವಳಿಗೆ ಸಿಕ್ಕಿದ್ದು ಸಣ್ಣಪುಟ್ಟ ಪಾತ್ರಗಳು. ಟ್ರಾಮಿನ ಕಂಡಕ್ಟರು, ಮದುಮಗಳ ಅಕ್ಕ, ಒಂದರಲ್ಲಿ ಬಾಗಿಲು ತೆಗೆದು “ಡಾಕ್ಟರು ಊಟಕ್ಕೆ ಹೋಗಿದಾರೆ” ಎನ್ನುವ ದಾದಿ. ಇಪ್ಪತ್ತಾರರ ವಯಸ್ಸಿನಲ್ಲಿ ಒಂದು ಮಕ್ಕಳ ಚಿತ್ರದಲ್ಲಿ ಗಿರಣಿಯವನ ಮಗಳ ಪಾತ್ರ ಬಂತು. ಕಥೆ ಎಲ್ಲ ಮಕ್ಕಳೂ ಅಜ್ಜಿಯರಿಂದ ಕೇಳಿದ್ದೇ. ಕೆರೆಯ ತಳದಲ್ಲಿ ಹಸಿರು ಕೋಟಿನ ನೀರುಭೂತ ಇರುತ್ತಾನೆ. ನೀರಲ್ಲಿ ಮುಳುಗಿ ಸತ್ತವರ ಆತ್ಮಗಳನ್ನು ಹಿಡಿದು, ಪುಟ್ಟ ಮಡಕೆಗಳಲ್ಲಿಟ್ಟು, ಮೇಲೆ ಮುಚ್ಚಳ ಮುಚ್ಚಿ, ಕಪಾಟಿನಲ್ಲಿ ಸಾಲಾಗಿ ಜೋಡಿಸಿರುತ್ತಾನೆ. ಗಿರಣಿಯ ಹುಡುಗಿ ಅವನ ಅಡುಗೆಮನೆಗೆ ಕೆಲಸಕ್ಕೆ ಸೇರುತ್ತಾಳೆ. ಅವನು ಸಂತೆಗೆ ಹೋದ ದಿನ ಕಪಾಟು ತೆಗೆದು ಒಂದೊಂದೇ ಮುಚ್ಚಳ ಎತ್ತುತ್ತಾಳೆ. ಒಂದೊಂದು ಗುಳ್ಳೆಯಾಗಿ ಆತ್ಮಗಳು ಮೇಲಕ್ಕೆ ಹೋಗುತ್ತವೆ. ಮೊದಲನೆಯ ಮಡಕೆಯ ಮುಂದೆ ಅವಳಿಗೊಂದು ಮಾತಿತ್ತು. ಚಿತ್ರಕಥೆಯಲ್ಲಿ ಬರೆದಿದ್ದದ್ದು: “ಮನೆಗೆ ಹೋಗು. ಬಾಗಿಲು ತೆಗೆದಿದೆ.”

ಚಿತ್ರ ಒಂದು ಚಳಿಗಾಲ ಓಡಿತು. ಹೆರ್ಮಿನಾ ಆಗ ಅದನ್ನು ನೋಡಿರಲಿಲ್ಲ. ಅವಳ ಮಡಿಲಲ್ಲಿ ಆಗತಾನೆ ಹುಟ್ಟಿದ ಮಗನಿದ್ದ.

ಮರುವರ್ಷ, ಅರವತ್ತೆಂಟರ ಆಗಸ್ಟಿನಲ್ಲಿ, ಪ್ರಾಗ್‌ನ ಬೀದಿಗಳಿಗೆ ರಷ್ಯದ ಟ್ಯಾಂಕುಗಳು ಬಂದವು. ಬ್ಲಾಜೆನಾ ಆಗ ಒಂದು ಪಾತ್ರದ ಮಾತುಕತೆಗೆ ವಿಯೆನ್ನಾಕ್ಕೆ ಹೋಗಿದ್ದಳು. ಒಂದು ವಾರದ ಮಟ್ಟಿಗೆಂದು ಎರಡು ಬೇಸಿಗೆಯ ಫ್ರಾಕು, ಒಂದು ಜೊತೆ ಚಪ್ಪಲಿ. ಪಾತ್ರ ಕೈತಪ್ಪಿತು. ಸ್ವಲ್ಪ ತಣ್ಣಗಾಗಲಿ, ಆಮೇಲೆ ಹೋಗೋಣ ಎಂದುಕೊಂಡಳು. ಚಳಿ ಬಂತು, ಯಾರೋ ಕೋಟು ಕೊಟ್ಟರು. ಅಷ್ಟರಲ್ಲಿ ಗಡಿ ಮುಚ್ಚಿತು. ದೇಶ ಬಿಟ್ಟು ಓಡಿಹೋದ ಅಪರಾಧಕ್ಕೆ ಅವಳಿಲ್ಲದೆಯೇ ನ್ಯಾಯಾಲಯ ಅವಳಿಗೆ ಜೈಲುಶಿಕ್ಷೆ ಹೇಳಿತು. ಒಂದು ವಾರ ಇಪ್ಪತ್ತೊಂದು ವರ್ಷವಾಯಿತು.

ವಿಯೆನ್ನಾದಲ್ಲಿ ನಟಿಯಾಗಿ ಅವಳು ಬದುಕಿದ್ದನ್ನು ಕೇಳಿದರೆ ನಗಬೇಕೋ ಅಳಬೇಕೋ ತಿಳಿಯುವುದಿಲ್ಲ. ಆ ಊರಿನ ಹಾಸ್ಯ ನಾಟಕಗಳಲ್ಲಿ ಬೊಹೀಮಿಯಾದ, ಅಂದರೆ ಪ್ರಾಗ್ ಸೀಮೆಯ, ಅಡುಗೆಯವಳು ಎಂಬ ಪಾತ್ರವೊಂದು ಇದ್ದೇ ಇರುತ್ತದೆ. ದಪ್ಪ ಹೆಂಗಸು, ಕೈಯಲ್ಲಿ ಸೌಟು, ಬಾಯಲ್ಲಿ ಮುರುಕು ಜರ್ಮನ್. ಅವಳು ಬಾಯಿ ತೆರೆದರೆ ಸಾಕು, ಜನ ನಗುತ್ತಾರೆ. ಬ್ಲಾಜೆನಾಗೆ ಸೊಂಟಕ್ಕೆ ದಿಂಬು ಕಟ್ಟಿ ಅದೇ ಪಾತ್ರ ಕೊಟ್ಟರು. ಆಮೇಲೆ ಇನ್ನೊಂದು, ಅದೇ. ಬರಬರುತ್ತಾ ಜರ್ಮನ್ ಚೆನ್ನಾಗಿ ಬಂತು. ಬಂದಷ್ಟೂ ಪಾತ್ರ ಕಮ್ಮಿಯಾಯಿತು. “ಪ್ರಾಗ್‌ನಲ್ಲಿ ಎಳೆತ ಹೋಗ್ಲಿ ಅಂತ ಕಲ್ಲು ಹಾಕ್ಸಿದ್ರು. ಅಲ್ಲಿ ಎಳೆತ ಹೋಯ್ತು ಅಂತ ಮನೆಗೆ ಕಳಿಸಿದ್ರು” ಎನ್ನುತ್ತಿದ್ದಳು. ಕೊನೆಗೆ ಒಂದು ವಸತಿಗೃಹದಲ್ಲಿ ನಿಜವಾಗಿಯೇ ಅಡುಗೆಯವಳಾದಳು. ದಿಂಬು ಕಟ್ಟುವ ಅಗತ್ಯ ಆಗ ಇರಲಿಲ್ಲ. ಅಲ್ಲಿನ ರಂಗಮಂದಿರದ ಬಡಗಿಯೊಬ್ಬನನ್ನು ಮದುವೆಯಾದಳು. ಒಳ್ಳೆಯವನು, ಬೇಗ ಸತ್ತ. ಮಕ್ಕಳಾಗಲಿಲ್ಲ.

ಇತ್ತ ಅವಳ ಚಿತ್ರ ಐದು ವರ್ಷ ಗೋದಾಮಿನಲ್ಲಿ ಬಿದ್ದಿತ್ತು. ಓಡಿಹೋದವರ ಮುಖ ತೋರಿಸುವಂತಿರಲಿಲ್ಲ. ಆದರೆ ಕ್ರಿಸ್‌ಮಸ್ ಹಿಂದಿನ ಸಂಜೆಗೆ ಮಕ್ಕಳ ಚಿತ್ರ ಬೇಕು, ಅಂಥದ್ದು ಇರುವುದು ಕೆಲವೇ. ಯಾರೋ ಒಬ್ಬ ಅಧಿಕಾರಿ ಉಪಾಯ ಕಂಡುಹಿಡಿದ. ಹೆಸರು ತೆಗೆದುಹಾಕಿ, ದನಿ ಬದಲಾಯಿಸಿ, ಮುಖವೊಂದು ಇರಲಿ. ಹೆಸರೂ ದನಿಯೂ ಇಲ್ಲದ ಮುಖ ಯಾರದ್ದೂ ಅಲ್ಲ.

ಹೀಗೆ ಹೆರ್ಮಿನಾಗೆ ಕರೆ ಬಂತು. ಅವಳು ಡಬ್ಬಿಂಗ್ ಕಲಾವಿದೆ. ಮೂವತ್ತರಲ್ಲೂ ಹದಿನೈದರ ದನಿ. ಅಳಿಲಿಗೆ, ರಾಜಕುಮಾರಿಗೆ, ಫ್ರೆಂಚ್ ಚೆಲುವೆಯರಿಗೆ, ತುಂಟ ಹುಡುಗರಿಗೆ ಎಲ್ಲಕ್ಕೂ ಅವಳೇ. ಅವಳ ಮನೆತನದ ಹೆಸರು ಟಿಖಾ. ಹಾಗೆಂದರೆ ಮೌನಿ. ದಿನವಿಡೀ ಮಾತಾಡಿ ಹೊಟ್ಟೆ ಹೊರೆಯುವವಳಿಗೆ ಈ ಹೆಸರೇ ಎಂದು ಸ್ಟುಡಿಯೊದವರು ಕೊನೆಯವರೆಗೂ ಕಾಲೆಳೆದರು. ಆ ದಿನ ಅವಳಿಗೆ ಹೇಳಿದ್ದು ಹಳೆಯ ಧ್ವನಿಪಟ್ಟಿ ಹಾಳಾಗಿದೆ ಎಂದಷ್ಟೇ. ಸ್ಟುಡಿಯೊದ ಪಡಸಾಲೆಯಲ್ಲಿ ನಿಂತವರೆಲ್ಲರಿಗೂ ನಿಜ ಗೊತ್ತಿತ್ತು. ಯಾರೂ ಯಾರ ಕಣ್ಣನ್ನೂ ನೋಡಲಿಲ್ಲ. ಮೊದಲ ತುಣುಕು ಪರದೆಯ ಮೇಲೆ ಬಂದಾಗ ಹೆರ್ಮಿನಾಗೂ ಗೊತ್ತಾಯಿತು. ಆಗ ಬೇಡವೆಂದು ಎದ್ದು ಹೋದವರಿಗೆ ಮತ್ತೆಂದೂ ಕೆಲಸವಿರುತ್ತಿರಲಿಲ್ಲ.

ಡಬ್ಬಿಂಗ್‌ನಲ್ಲಿ ಚಿತ್ರವನ್ನು ತುಂಡುತುಂಡಾಗಿ ಕತ್ತರಿಸಿ, ಒಂದೊಂದು ತುಂಡಿನ ತುದಿಗಳನ್ನೂ ಕೂಡಿಸಿ ಬಳೆಯಂತೆ ಮಾಡುತ್ತಾರೆ. ಅದು ಸುತ್ತುತ್ತಲೇ ಇರುತ್ತದೆ. ಪರದೆಯ ತುಟಿಗೂ ನಮ್ಮ ಮಾತಿಗೂ ಕೂಡುವವರೆಗೆ ಹೇಳುತ್ತಲೇ ಇರಬೇಕು. ಮುಚ್ಚಳದ ತುಂಡು ಬಂದಾಗ ಕೂಡಲಿಲ್ಲ. ಹಾಳೆಯಲ್ಲಿ ‘ಹೋಗು’ ಎಂದಿತ್ತು. ಪರದೆಯ ಹುಡುಗಿಯ ತುಟಿ ಒಂದು ಅಕ್ಷರ ಹೆಚ್ಚು ಹೇಳುತ್ತಿತ್ತು. ಮೂಲ ದನಿ ಕೇಳೋಣವೆಂದರೆ ಅದಿಲ್ಲ. ಹಳ್ಳಿ ಹುಡುಗಿ ಬಾಯಿಗೆ ಬಂದದ್ದು ಅಂದಿರುತ್ತಾಳೆ, ನೀವು ಏನಾದರೂ ತುಂಬಿಸಿ ಎಂದ ನಿರ್ದೇಶಕ. ಹೆರ್ಮಿನಾ ಆ ಒಂದು ಅಕ್ಷರದ ಜಾಗಕ್ಕೆ ಸಣ್ಣದೊಂದು ಉಸಿರು ಸೇರಿಸಿದಳು. ನಿಟ್ಟುಸಿರಿನಂಥದ್ದು. “ಹಾ… ಮನೆಗೆ ಹೋಗು. ಬಾಗಿಲು ತೆಗೆದಿದೆ.” ಕೂಡಿತು.

ಆ ಉಸಿರು ದೇಶಕ್ಕೆಲ್ಲ ಪ್ರಸಿದ್ಧವಾಯಿತು. ವರ್ಷವರ್ಷವೂ ಕ್ರಿಸ್‌ಮಸ್ ಹಿಂದಿನ ಸಂಜೆ, ಕಾರ್ಪ್ ಮೀನು ಕರಿಯುವ ಹೊತ್ತಿಗೆ ಚಿತ್ರ ಬರುತ್ತಿತ್ತು. ಕುಡಿದವನನ್ನು ಅಂಗಡಿಯಿಂದ ಎಬ್ಬಿಸುವಾಗ, ಕೆಲಸ ಮುಗಿದು ಬೀಗ ಹಾಕುವಾಗ, ಮಗುವನ್ನು ಶಾಲೆಯಿಂದ ಕರೆತರುವಾಗ ಜನ “ಹಾ… ಮನೆಗೆ ಹೋಗು” ಎನ್ನತೊಡಗಿದರು. ಹೆರ್ಮಿನಾಗೆ ಟ್ರಾಮಿನಲ್ಲಿ ಅದು ಕಿವಿಗೆ ಬಿದ್ದಾಗಲೆಲ್ಲ ಪರದೆಯ ಆ ತುಟಿಗಳು ನೆನಪಾಗುತ್ತಿದ್ದವು. ಆ ಹುಡುಗಿ ಏನು ಹೇಳಿದ್ದಳೋ ಏನೋ.

ಆಮೇಲೆ ಕಾಲ ತಿರುಗಿತು, ಗಡಿ ತೆರೆಯಿತು. ತೊಂಬತ್ತರ ವಸಂತದಲ್ಲಿ ಒಂದು ಭಾನುವಾರ ಹೆರ್ಮಿನಾಳ ಮನೆಯ ಗಂಟೆ ಹೊಡೆಯಿತು. ಬಾಗಿಲಲ್ಲಿ ಐವತ್ತರ ಹತ್ತಿರದ ತೋರದ ಹೆಂಗಸು, ಕೈಯಲ್ಲಿ ವಿಯೆನ್ನಾದ ಮಿಠಾಯಿ ಡಬ್ಬ. ಕಣ್ಣು ಮಾತ್ರ ಅದೇ. ಹೆರ್ಮಿನಾಗೆ ಗುರುತು ಸಿಕ್ಕಿತು. ಯಾರು ಬೇಕಿತ್ತು ಎಂದು ಕೇಳಿದಳು, ಅಷ್ಟೇ.

“ಹೌದು, ಇದೇ ದನಿ” ಎಂದಳು ಆ ಹೆಂಗಸು. “ನನ್ನ ದನಿ ಇಲ್ಲೆಲ್ಲೋ ಬಾಡಿಗೆಗಿದೆ ಅಂತ ಕೇಳಿದ್ದೆ. ಹೇಗಿಟ್ಕೊಂಡಿದೀರಾ ನೋಡ್ಕೊಂಡು ಹೋಗೋಣ ಅಂತ ಬಂದೆ.”

ಕ್ಷಮೆ ಕೇಳಬೇಕೆಂದು ಹೆರ್ಮಿನಾ ಇಷ್ಟು ವರ್ಷ ಮಾತು ಜೋಡಿಸಿಟ್ಟುಕೊಂಡಿದ್ದಳು. ಬ್ಲಾಜೆನಾ ಒಳಗೆ ಬಂದು, ಕೋಟು ತೆಗೆದು, ಒಲೆಯ ಮೇಲಿದ್ದ ಪಾತ್ರೆಯ ಮುಚ್ಚಳ ಎತ್ತಿ ಮೂಸಿ ನೋಡಿ, ಇದಕ್ಕೆ ಇನ್ನೊಂಚೂರು ಜೀರಿಗೆ ಬೇಕು ಎಂದಳು. ಕ್ಷಮೆಯ ಮಾತಿಗೆ ಎಡೆಯೇ ಸಿಗಲಿಲ್ಲ. ಹೆರ್ಮಿನಾ ತಾನಾಗಿ ಶುರುಮಾಡಿದಾಗಲೂ ಅವಳು ಕೈಬೀಸಿ, ಕಾಫಿ ಆರುತ್ತೆ ಕುಡೀರಿ ಎಂದಳು.

ಆ ವರ್ಷ ಟೆಲಿವಿಷನ್ನಿನವರಿಗೆ ಓಡಿಹೋದವರ ಮೇಲೆ ಭಾರಿ ಪ್ರೀತಿ. ಚಿತ್ರಕ್ಕೆ ಅವಳ ಹೆಸರು ಮತ್ತೆ ಸೇರಿಸಿದರು. ಮೂಲ ಧ್ವನಿಪಟ್ಟಿ ಹುಡುಕಿಸಿದರೆ ಅದನ್ನು ಎಂದೋ ಅಳಿಸಿಹಾಕಿದ್ದರು. ಹಾಗಾದರೆ ನೀವೇ ಈಗ ದನಿ ಕೊಡಿ ಎಂದ ಒಬ್ಬ ಯುವ ಸಂಪಾದಕ. ಬ್ಲಾಜೆನಾ ಇಡೀ ಚಿತ್ರ ಬೇಡ, ಒಂದೇ ಒಂದು ಮಾತು ಸಾಕು ಎಂದಳು. ಮೊದಲ ಮುಚ್ಚಳದ ಮಾತು. ಹೆರ್ಮಿನಾಳನ್ನೂ ಜೊತೆಗೆ ಕರೆದುಕೊಂಡು ಹೋದಳು.

ಕತ್ತಲೆ ಕೋಣೆಯಲ್ಲಿ ತುಂಡು ಸುತ್ತತೊಡಗಿತು. ಇಪ್ಪತ್ತಾರರ ಹುಡುಗಿ ಮುಚ್ಚಳ ಎತ್ತುತ್ತಾಳೆ, ತುಟಿ ಆಡುತ್ತದೆ. ಬ್ಲಾಜೆನಾ ಮೈಕಿನ ಮುಂದೆ ನಿಂತು ಹೇಳಿದಳು: “ಮನೆಗೆ ಹೋಗಿ. ಬಾಗಿಲು ತೆಗೆದಿದೆ.”

ಅಕ್ಷರಕ್ಕೆ ಅಕ್ಷರ ಕೂಡಿತು. ಹೆರ್ಮಿನಾಗೆ ಆಗ ಗೊತ್ತಾಯಿತು. ‘ಹೋಗು’ ಅಲ್ಲ, ‘ಹೋಗಿ’; ಚೆಕ್ ಭಾಷೆಯಲ್ಲಿ ಅದು ಒಂದು ಅಕ್ಷರ ಉದ್ದ. ಆದರೆ ದನಿ ಕೂಡಲಿಲ್ಲ. ಸಿಗರೇಟು, ಒಲೆಯ ಹೊಗೆ, ಇಪ್ಪತ್ತು ವರ್ಷದ ಜರ್ಮನ್ ಸೇರಿ ಒರಟಾಗಿದ್ದ ದನಿ ಆ ಎಳೆಯ ಮುಖದಿಂದ ಬಂದಾಗ ಧ್ವನಿ ಯಂತ್ರದ ಹುಡುಗ ನಗು ತಡೆಯಲಾರದೆ ಕೆಮ್ಮಿದ. ಬ್ಲಾಜೆನಾ ಇನ್ನೊಮ್ಮೆ ಹೇಳಿದಳು, ಮತ್ತೊಮ್ಮೆ ಹೇಳಿದಳು. ಆಮೇಲೆ ಮೈಕಿನಿಂದ ಹಿಂದೆ ಸರಿದಳು.

“ಹೆರ್ಮಿನ್ಕಾ, ನೀವು ಹೇಳಿ” ಎಂದಳು.

“ನಾನಾ?”

“ದನಿ ನಿಮ್ಮ ಹತ್ರಾನೇ ಇದೆಯಲ್ಲ. ಚಿಕ್ಕದಾಗೇ ಇಟ್ಕೊಂಡಿದೀರಾ. ಉಸಿರು ಬೇಡ. ‘ಹೋಗಿ’ ಅನ್ನಿ, ಸಾಕು.”

ಸಂಪಾದಕನಿಗೆ ಇದು ಹಿಡಿಸಲಿಲ್ಲ. ಮುಚ್ಚಳದ ಕೆಳಗಿನ ಆತ್ಮಕ್ಕೆ ‘ನೀವು’ ಯಾಕೆ, ಕೇಳಿದರೆ ಸರ್ಕಾರಿ ಕಚೇರಿಯ ಮಾತಿನ ಹಾಗಿರುತ್ತದೆ ಎಂದ. ಯಾಕೆ ಹಾಗೆ ಹೇಳಿದ್ದು ಎಂದು ಕೇಳಿದ. ಬ್ಲಾಜೆನಾ ಭುಜ ಹಾರಿಸಿ, ಆಗ ಹಾಗೇ ಬಾಯಿಗೆ ಬಂತು ಎಂದಳು. ಹೆರ್ಮಿನಾ ಹೇಳಿದಳು. ಮೊದಲ ಸಲಕ್ಕೇ ತುಟಿಯೂ ದನಿಯೂ ಕೂಡಿದವು. ಬ್ಲಾಜೆನಾ ಕತ್ತಲೆಯಲ್ಲಿ ಎಷ್ಟೋ ಹೊತ್ತು ಮೂಗು ಒರೆಸಿಕೊಳ್ಳುತ್ತಿದ್ದಳು.

ಆ ಕ್ರಿಸ್‌ಮಸ್‌ಗೆ ಚಿತ್ರ ಹೊಸ ಮಾತಿನೊಂದಿಗೆ ಬಂತು. ಮರುದಿನದಿಂದ ಟೆಲಿವಿಷನ್ ಕಚೇರಿಗೆ ಫೋನುಗಳು. ನಮ್ಮ ಉಸಿರೆಲ್ಲಿ? ಇದೇನು ತಣ್ಣನೆಯ ‘ಹೋಗಿ’? ಎಲ್ಲವನ್ನೂ ಬದಲಾಯಿಸಿದಿರಿ, ಇದೊಂದನ್ನಾದರೂ ಬಿಡಬಾರದಿತ್ತೇ? ಮುಂದಿನ ವರ್ಷ ಹಳೆಯದೇ ಬಂತು, ಅಲ್ಲಿಂದ ಮುಂದೆ ಪ್ರತಿ ವರ್ಷವೂ. ಬ್ಲಾಜೆನಾ ಜಗಳಕ್ಕೆ ಹೋಗಲಿಲ್ಲ. ಜನರನ್ನು ಅನ್ನುವ ಹಾಗಿಲ್ಲ, ಅವರ ಬಾಲ್ಯ ಅದು ಎಂದಳು. ಆದರೆ ಮತ್ತೆಂದೂ ಆ ಚಿತ್ರ ನೋಡಲಿಲ್ಲ. ಕ್ರಿಸ್‌ಮಸ್ ಬಂದರೆ ಊರಿಗೆ ಹೋಗಿಬಿಡುತ್ತಿದ್ದಳು.

ಅವಳು ವಿಯೆನ್ನಾ ಬಿಟ್ಟು ಬಂದು ಪ್ರಾಗ್‌ನ ವ್ರಶೊವಿತ್ಸೆ ಬಡಾವಣೆಯಲ್ಲಿ, ಹೆರ್ಮಿನಾಳ ಮನೆಯಿಂದ ಎರಡು ಬೀದಿ ಆಚೆ ಒಂದು ಕೋಣೆ ಹಿಡಿದಳು. ಪಾತ್ರಗಳು ಹೆಚ್ಚೇನೂ ಬರಲಿಲ್ಲ. ಅವಳನ್ನು ಗುರುತಿಸುವವರಿರಲಿಲ್ಲ, ಗುರುತಿಸಿದರೂ ಬಾಯಿ ತೆರೆದಾಗ ನಿರಾಸೆಪಡುತ್ತಿದ್ದರು. ಒಮ್ಮೆ ಬೇಕರಿಯಲ್ಲಿ ಇಬ್ಬರೂ ನಿಂತಿದ್ದಾಗ ಹೆರ್ಮಿನಾ ಎರಡು ಬನ್ನು ಕೇಳಿದ್ದಕ್ಕೆ ಅಂಗಡಿಯವಳು ಕಣ್ಣರಳಿಸಿ, ಅಯ್ಯೋ ನೀವು ಗಿರಣಿ ಹುಡುಗಿ ಅಲ್ವಾ ಎಂದಳು. ಹೆರ್ಮಿನಾ ಕೆಂಪಾಗಿ, ಅಲ್ಲ, ಇವರು ಎಂದು ಪಕ್ಕಕ್ಕೆ ಕೈ ತೋರಿಸಿದಳು. ಅಂಗಡಿಯವಳು ನಂಬಲಿಲ್ಲ. ಬ್ಲಾಜೆನಾ ಬನ್ನಿನ ಪೊಟ್ಟಣ ಎತ್ತಿಕೊಂಡು, “ನಾನು ಅವರ ಅಡುಗೆಯವಳಮ್ಮ” ಎಂದು ಹೊರನಡೆದಳು. ದಾರಿಯುದ್ದಕ್ಕೂ ನಕ್ಕಳು. ಹೆರ್ಮಿನಾಗೆ ಆ ರಾತ್ರಿ ಊಟ ಸೇರಲಿಲ್ಲ.

ಹೀಗೆ ಹದಿನೈದು ವರ್ಷ. ಶರತ್ಕಾಲದಲ್ಲಿ ರೈಲು ಹತ್ತಿ ಅಣಬೆ ಕೀಳಲು ಹೋಗುತ್ತಿದ್ದರು. ಹೆರ್ಮಿನಾಳ ಗಂಡ ಸತ್ತಾಗ ಬ್ಲಾಜೆನಾ ತಿಂಗಳುಗಟ್ಟಲೆ ದಿನಾ ಬಂದು ಒಲೆ ಹಚ್ಚಿದಳು. ಜಗಳವಾಡಿದರು, ರಾಜಿಯಾದರು, ಒಬ್ಬರ ಕನ್ನಡಕ ಇನ್ನೊಬ್ಬರು ಹಾಕಿಕೊಂಡರು. ಎಲ್ಲವೂ ‘ನೀವು’ನಲ್ಲೇ. ಹೆರ್ಮಿನಾ ತನ್ನ ಅರವತ್ತನೆಯ ಹುಟ್ಟುಹಬ್ಬಕ್ಕೆ ಒಳ್ಳೆಯ ವೈನು ತಂದು, ಇಬ್ಬರೇ ಕೂತಾಗ ಗ್ಲಾಸು ಎತ್ತಿ, ಸಾಧ್ಯವಾದಷ್ಟು ಹೊತ್ತು ಎತ್ತಿಯೇ ಹಿಡಿದಿದ್ದಳು. ಬ್ಲಾಜೆನಾ ತನ್ನ ಗ್ಲಾಸು ತಾಗಿಸಿ, “ನೂರು ವರ್ಷ ಬಾಳಿ ಹೆರ್ಮಿನ್ಕಾ, ನಿಮ್ಮ ದನಿ ಮುದಿಯಾಗದಿರ್ಲಿ” ಎಂದು ಕುಡಿದುಬಿಟ್ಟಳು. ದನಿ. ಮರೆತಿಲ್ಲ ಎಂದುಕೊಂಡಳು ಹೆರ್ಮಿನಾ. ಕ್ಷಮಿಸಿಲ್ಲ.

ಬ್ಲಾಜೆನಾ ತನ್ನ ಬೂದಿಯನ್ನು ಊರಲ್ಲಿ, ತಾಯಿಯ ಪಕ್ಕ ಇಡಬೇಕೆಂದು ಹೇಳಿಟ್ಟಿದ್ದಳು. ನವೆಂಬರಿನಲ್ಲಿ ಹೆರ್ಮಿನಾ ರೈಲು, ಆಮೇಲೆ ಬಸ್ಸು ಹಿಡಿದು ಆ ಹಳ್ಳಿಗೆ ಹೋದಳು. ಹಿಂದೆಂದೂ ಹೋಗಿರಲಿಲ್ಲ, ಬ್ಲಾಜೆನಾ ಕರೆದಾಗಲೆಲ್ಲ ಏನಾದರೂ ನೆಪ ಹೇಳಿ ತಪ್ಪಿಸಿಕೊಂಡಿದ್ದಳು. ತಮ್ಮೂರ ಮಗಳ ದನಿ ಕಸಿದವಳು ಇವಳೇ ಎಂದು ಅವರೆಲ್ಲ ನೋಡುತ್ತಾರೆ ಎಂಬ ಅಂಜಿಕೆ. ಸ್ಮಶಾನದಲ್ಲಿ ಕೊನೆಯ ಸಾಲಿನಲ್ಲಿ ನಿಂತಳು. ಕರಂಡ ಇಳಿಸಿದ ಮೇಲೆ ಎಲ್ಲರೂ ಹಿಡಿ ಮಣ್ಣು ಹಾಕಿದರು. ಅವಳೂ ಹಾಕಿ, ಬಸ್ಸಿನ ಹೊತ್ತು ನೋಡಿಕೊಂಡು ಹೊರಡುವುದರಲ್ಲಿದ್ದಳು. ತಲೆಗೆ ಕಪ್ಪು ವಸ್ತ್ರ ಕಟ್ಟಿದ ಹಣ್ಣು ಮುದುಕಿಯೊಬ್ಬಳು ಕೋಲೂರಿಕೊಂಡು ಬಂದು ಅವಳ ತೋಳು ಹಿಡಿದಳು. ಬ್ಲಾಜೆನಾಳ ದೊಡ್ಡಪ್ಪನ ಮಗಳು, ರೊಜೀನಾ.

“ಎಲ್ಲಿಗೆ ಹೊಂಟ್ರಿ ಕ್ಮೋತ್ರಾ? ಮನಿಗೆ ಬರ್ರಿ. ಸಾರು ಕಾಯಾಕ ಇಟ್ಟೀನಿ.”

ಮಗುವಿಗೆ ನಾಮಕರಣದ ದೀಕ್ಷೆ ಕೊಡಿಸುವಾಗ ಅದನ್ನು ಕೈಯಲ್ಲಿ ಎತ್ತಿಕೊಳ್ಳುವವಳನ್ನು ಕ್ಮೋತ್ರಾ ಎನ್ನುತ್ತಾರೆ. ಹೆತ್ತವಳೂ ಎತ್ತಿಕೊಂಡವಳೂ ಆಮೇಲೆ ಜೀವಮಾನವಿಡೀ ಒಬ್ಬರಿಗೊಬ್ಬರು ಕ್ಮೋತ್ರಾ. ಹೆರ್ಮಿನಾ ಆ ಊರಿನ ಯಾವ ಮಗುವನ್ನೂ ಎತ್ತಿಕೊಂಡವಳಲ್ಲ. ನೀವು ಬೇರೆ ಯಾರೋ ಅಂದುಕೊಂಡಿದ್ದೀರಿ, ನಾನು ಪ್ರಾಗ್‌ನಿಂದ ಬಂದ ಹೆರ್ಮಿನಾ ಟಿಖಾ ಎಂದಳು.

“ಗೊತ್ತೈತಿ ಬರ್ರಿ. ಬಾಯಿ ತಗದ್ರ ಗೊತ್ತಾಗಂಗಿಲ್ಲೇನು? ಊರ ಮಂದಿ ಎಲ್ಲಾ ನಿಮ್ಮ ದನೀನ ಕೇಳ್ಕೋತ ಬೆಳದಾರ.”

ರೊಜೀನಾಳ ಅಡುಗೆಮನೆ ಬೆಚ್ಚಗಿತ್ತು. ಹುಳಿ ಎಲೆಕೋಸಿನ ಸಾರು, ಪಿಯರ್ ಹಣ್ಣು ಹರಡಿ ಸುಟ್ಟ ಅಗಲ ರೊಟ್ಟಿ, ಚಿಕ್ಕ ಗ್ಲಾಸಿನಲ್ಲಿ ಪ್ಲಮ್ ಸಾರಾಯಿ. ಹೆರ್ಮಿನಾ ಸಾರಿಗೆ ಚಮಚ ಹಾಕಿ, ಕೇಳಬೇಕೋ ಬೇಡವೋ ಎನ್ನುತ್ತಲೇ ಕೇಳಿದಳು. ಯಾವ ಮಗು? ಬ್ಲಾಜೆನಾಗೆ ಮಕ್ಕಳಿರಲಿಲ್ಲವಲ್ಲ.

“ಐತಲ್ಲ, ಗಿರಣಿ ಹುಡುಗಿ” ಎಂದಳು ರೊಜೀನಾ, ಗೊತ್ತಿಲ್ಲದ್ದು ಏನಿದೆ ಇದರಲ್ಲಿ ಎನ್ನುವ ಹಾಗೆ. “ಕ್ರಿಸ್‌ಮಸ್ಸಿಗೆ ಬಂದಾಗೆಲ್ಲ ನಿಮ್ಮ ಸುದ್ದೀನ. ನಮ್ಮ ಕ್ಮೋತ್ರಾ ಹಂಗಂದ್ರು, ನಮ್ಮ ಕ್ಮೋತ್ರಾ ಹಿಂಗಂದ್ರು. ನಾನೂ ಇದನ್ನ ಕೇಳಿದ್ದೆ, ಯಾವ ಕೂಸವಾ ನಿಮ್ದು ಅಂತ. ‘ಮೈ ನಾ ಕೊಟ್ಟೆ, ದನಿ ಅವರು ಕೊಟ್ರು. ನಾ ಬಿಟ್ಟು ಹ್ವಾದಾಗ ಅವರ ಸಾಕಿದ್ರು’ ಅಂದ್ಲು.”

ಹೆರ್ಮಿನಾ ಚಮಚ ಕೆಳಗಿಟ್ಟಳು. ಆದರೂ ಅವರು ನನಗೆ ಒಂದು ಸಲವೂ ‘ನೀನು’ ಅನ್ನಲಿಲ್ಲ ಎಂದಳು. ಅರವತ್ತೆರಡರ ಹೆಂಗಸು ಹೇಳುವ ಮಾತಲ್ಲ ಅದು. ಹೇಳಿದ್ದು ಹದಿನೈದರ ಹುಡುಗಿಯ ದನಿಯಲ್ಲಿ.

ರೊಜೀನಾ ಅವಳನ್ನು ನೋಡಿದಳು. ನಗುವುದಕ್ಕೆ ಹೊರಟವಳು ನಗಲಿಲ್ಲ.

“ಕ್ಮೋತ್ರಾಗ ಯಾರರ ನೀನು ಅಂತಾರೇನು? ನಾನೂ ನನ್ನ ಕ್ಮೋತ್ರಾನೂ ಒಂದ ಅಂಗಳದಾಗ ಆಡಿ ಬೆಳದವ್ರು, ಒಬ್ರ ಜಡಿ ಒಬ್ರು ಜಗ್ಗಿದವ್ರು. ಕೂಸು ಎತ್ತಿಕೊಂಡ ದಿನದಿಂದ ನೀವು–ನೀವು. ಇಲ್ಲೆ ಅವ್ವಗ ನೀವು, ಅಪ್ಪಗ ನೀವು, ಕ್ಮೋತ್ರಾಗ ನೀವು. ನೀನು ಅನ್ನೂದು ಎತ್ತಿಗೆ, ನಾಯಿಗೆ, ಗಂಡಗ.” ಗ್ಲಾಸು ತುಂಬಿಸಿದಳು. “ಪ್ರಾಗಿನ್ಯಾಗ ತಿಳಿಯಂಗಿಲ್ಲ ಇದು. ಆಕೀಗೂ ಹೇಳಬೇಕಂತ ಹೊಳದಿರಾಕಿಲ್ಲ. ಗೊತ್ತೈತಿ ಅಂತ ಅನಕೊಂಡಿರಬೇಕು.”

ಆಮೇಲೆ ರೊಜೀನಾ, ಯಾರೂ ಕೇಳದಿದ್ದರೂ, ಹೊಳೆಯ ಸಂಗತಿ ಹೇಳಿದಳು. ಬ್ಲಾಜೆನಾಳ ಅಪ್ಪ ಮಾರ್ಚ್ ತಿಂಗಳಲ್ಲಿ ಹಿಮಗಡ್ಡೆಯ ಮೇಲೆ ತೊಲೆ ಎಳೆಸಿಕೊಂಡು ಬರುವಾಗ ಗಡ್ಡೆ ಒಡೆದು ಬೆಚ್ವಾದಲ್ಲಿ ಮುಳುಗಿ ಹೋಗಿಬಿಟ್ಟರು. ಮೈ ಸಿಗಲಿಲ್ಲ. ಹುಡುಗಿ ಎಷ್ಟೋ ದಿನ ಮನೆಯ ಬಾಗಿಲು ಹಾಕಗೊಡಲಿಲ್ಲ. ಅಪ್ಪ ಬಂದರೆ ತಟ್ಟುವುದು ಕೇಳದೆ ಹೋದೀತು ಎಂದು ಚಳಿಯಲ್ಲೇ ತೆರೆದಿಡಿಸುತ್ತಿದ್ದಳು.

“ಸಿನಿಮಾದಾಗ ಆ ಮುಚ್ಚಳ ತಗದು ‘ಮನಿಗೆ ಹೋಗಿ’ ಅಂದದ್ದು ಯಾರಿಗಂತ ನಮಗೆಲ್ಲ ಗೊತ್ತಾತು. ಇಡೀ ಊರು ಅತ್ತಿತ್ತು. ಆಮ್ಯಾಲ ಟಿವ್ಯಾಗ ‘ಹೋಗು’ ಅಂತ ಬಂತು ನೋಡ್ರಿ, ಅವರವ್ವಾರು ಎದ್ದು ಹೋಗಿ ಆ ಮಾತು ಬರೂ ಹೊತ್ತಿಗೆ ದನಿ ಸಣ್ಣ ಮಾಡಿಬಿಡತಿದ್ರು. ಮುಖ ಅಷ್ಟ ನೋಡೋರು. ಸಾಯೂ ತನಕಾ ಹಂಗ ಮಾಡಿದ್ರು. ನಿಮ್ಮ ಮ್ಯಾಲ ಸಿಟ್ಟಿಲ್ಲ ಮತ್ತ. ಅವ್ರಿಗೆ ಬರದ ಕೊಟ್ಟಾರ, ಅವ್ರು ಹೇಳ್ಯಾರ ಅಂತಿದ್ರು.”

ಬಸ್ಸು ತಪ್ಪಿತು. ಹೆರ್ಮಿನಾ ಆ ರಾತ್ರಿ ಅಲ್ಲೇ ಉಳಿದಳು. ಬ್ಲಾಜೆನಾ ಊರಿಗೆ ಬಂದಾಗ ಮಲಗುತ್ತಿದ್ದ ಮಂಚದಲ್ಲೇ ಹಾಸಿಗೆ ಹಾಸಿಕೊಟ್ಟರು. ಅಳು ಬಂದದ್ದು ಅಲ್ಲಿ, ಒದ್ದೆ ಉಣ್ಣೆಯ ವಾಸನೆಯ ಆ ಕಂಬಳಿಯೊಳಗೆ. ಕಣ್ಣು ಮುಚ್ಚಿದರೆ ಆಸ್ಪತ್ರೆಯ ಮಧ್ಯಾಹ್ನ. ಕೈ ಹಿಡಿದುಕೊಂಡು ಬ್ಲಾಜೆನಾ ಆಡಿದ ಮಾತು. ಅದನ್ನು ಕೇಳಿ ತಾನು ಡಬ್ಬಿ ಚೀಲಕ್ಕೆ ಹಾಕಿಕೊಂಡು ಎದ್ದಿದ್ದಳು. ತಿರುಗಿ ಒಂದು ಮಾತೂ ಆಡಿರಲಿಲ್ಲ.

ಕ್ರಿಸ್‌ಮಸ್ ಹಿಂದಿನ ದಿನ ಹೆರ್ಮಿನಾ ತನ್ನ ಮನೆಯಲ್ಲಿ ಒಬ್ಬಳೇ ಇದ್ದಳು. ಮಗ ಮೊಮ್ಮಕ್ಕಳು ಮರುದಿನ ಬರುವವರಿದ್ದರು. ಆಲೂಗಡ್ಡೆ ಸಲಾಡು ಮಾಡಿದಳು, ಮೀನು ಕರಿದಳು. ರೂಢಿಯಂತೆ ಮೇಜಿನ ಮೇಲೆ ಒಂದು ತಟ್ಟೆ ಹೆಚ್ಚಿಗೆ ಇಟ್ಟಳು. ಬಂದವರಿಗಿರಲಿ ಎಂದು ಎಲ್ಲರ ಮನೆಯಲ್ಲೂ ಇಡುತ್ತಾರೆ. ಸಂಜೆ ಚಿತ್ರ ಶುರುವಾಯಿತು. ಹೆಸರುಗಳ ಸಾಲಿನಲ್ಲಿ ಬ್ಲಾಜೆನಾ ಸ್ಕೊಪಲೋವಾ ಎಂದು ಬಂದು ಹೋಯಿತು. ಗಿರಣಿ, ಕೆರೆ, ಹಸಿರು ಕೋಟು. ಹೆರ್ಮಿನಾ ಮೀನಿನ ಮುಳ್ಳು ಬಿಡಿಸುತ್ತಾ ತನ್ನದೇ ದನಿ ಕೇಳಿಸಿಕೊಂಡಳು.

ನೀರುಭೂತ ಸಂತೆಗೆ ಹೊರಟಾಗ ಅವಳು ಕೈ ಒರೆಸಿಕೊಂಡು ಎದ್ದಳು. ಟಿವಿಯ ಹತ್ತಿರ ಹೋಗಿ ದನಿ ಪೂರ್ತಿ ಇಳಿಸಿದಳು. ಮನೆಯೊಳಗೆ ಒಲೆಯ ಮೇಲಿನ ಎಣ್ಣೆಯ ಸಣ್ಣ ಸದ್ದು ಮಾತ್ರ ಉಳಿಯಿತು. ಪರದೆಯಲ್ಲಿ ಹುಡುಗಿ ಕಪಾಟು ತೆಗೆದಳು, ಮೊದಲನೆಯ ಮಡಕೆಯ ಮುಂದೆ ನಿಂತಳು, ಮುಚ್ಚಳ ಎತ್ತಿದಳು. ಹೆರ್ಮಿನಾ ಅವಳ ತುಟಿಗಳನ್ನೇ ನೋಡುತ್ತಾ, ಅವು ತೆರೆಯುವ ಕ್ಷಣಕ್ಕೆ ಕಾದಳು.

“ಮನೆಗೆ ಹೋಗಿ, ಕ್ಮೋತ್ರಾ” ಎಂದಳು. ಕೊನೆಯ ಮಾತು ತುಟಿಗೆ ಹೆಚ್ಚಾಯಿತು. ಕೂಡಲಿಲ್ಲ. ಹುಡುಗಿ ಆಗಲೇ ಮುಂದಿನದನ್ನು ಹೇಳುತ್ತಿದ್ದಳು. ಹೆರ್ಮಿನಾ ಅವಳ ಹಿಂದೆಯೇ, ಸ್ವಲ್ಪ ತಡವಾಗಿ ಹೇಳಿದಳು:

“ಬಾಗಿಲು ತೆಗೆದಿದೆ.”